ನಡುವೆ ಖಾಲಿ ಬಿಟ್ಟ ಹಾಳೆ

ಬಹಳ ಹಿಂದೆ ಸ್ಪೇನ್ ದೇಶದ ಎಬ್ರೋ ನದಿಯ ದಂಡೆಯಲ್ಲಿ ಯಹೂದಿಗಳ ಒಂದು ಸಣ್ಣ ಪಾಠಶಾಲೆ ಇತ್ತು. ಅಲ್ಲಿ ರಬ್ಬಿ ಅಜರ್ಯ ಎಂಬ ವಯಸ್ಸಾದ ಗುರುಗಳು ತಮ್ಮ ಧರ್ಮಗ್ರಂಥಕ್ಕೆ ಭಾಷ್ಯ ಬರೆಯುತ್ತಿದ್ದರು.

ಅವರು ಶಿಷ್ಯರಿಗೆ ಹೇಳಿಕೊಡುತ್ತಿದ್ದ ಮೊದಲ ಪಾಠ ಇದು: ದೇವರಿಗೆ ದೇಹವಿಲ್ಲ. ಗ್ರಂಥದಲ್ಲಿ ದೇವರ ಕೈ ಎಂದಿದ್ದರೆ ಶಕ್ತಿ ಎಂದು ತಿಳಿಯಬೇಕು. ದೇವರ ಕಣ್ಣು ಎಂದಿದ್ದರೆ ಅರಿವು ಎಂದು ತಿಳಿಯಬೇಕು.

ವಿದಾಲ್ ಎಂಬ ಶಿಷ್ಯ ಈ ಪಾಠವನ್ನು ಎಲ್ಲರಿಗಿಂತ ಬೇಗ ಕಲಿತ. ಕಲಿತದ್ದೇ ತಡ, ಹೊಸ ಚಾಕು ಸಿಕ್ಕವನ ಹಾಗೆ ಕಂಡದ್ದನ್ನೆಲ್ಲ ಹೆಚ್ಚತೊಡಗಿದ.

ಒಂದು ಶುಕ್ರವಾರ ಬೆಳಿಗ್ಗೆ ಅವನು ಪಾಠಕ್ಕೆ ಬಂದು ಪುಸ್ತಕ ಬಿಚ್ಚದೆ ಕೂತ.

"ಏನಪ್ಪಾ?" ಎಂದರು ಗುರುಗಳು.

"ಗುರುಗಳೇ, ನಮ್ಮಮ್ಮ ಪ್ರಾರ್ಥನೆ ಬಿಟ್ಟುಬಿಟ್ಟಿದ್ದಾಳೆ."

ಗುರುಗಳು ಲೇಖನಿ ಕೆಳಗಿಟ್ಟರು. ವಿದಾಲನ ತಾಯಿ ಓರೊವಿದಾ ಗುರುಗಳಿಗೆ ಗೊತ್ತಿದ್ದವಳೇ. ವಿಧವೆ, ಓದು ಬಾರದವಳು, ಬಾಯಿ ಜೋರು. ಪ್ರತಿ ಶುಕ್ರವಾರ ಹೊತ್ತು ಮುಳುಗುವ ಮೊದಲು, ಯಹೂದಿಗಳ ವಿಶ್ರಾಂತಿಯ ದಿನವನ್ನು ಬರಮಾಡಿಕೊಳ್ಳಲು ದೀಪ ಹಚ್ಚಿ, ಮಗನ ತಲೆಯ ಮೇಲೆ ಕೈಯಿಟ್ಟು, ತನ್ನದೇ ಮಾತಿನಲ್ಲಿ ದೇವರನ್ನು ಕರೆಯುತ್ತಿದ್ದಳು. ಅವಳ ದನಿ ಕೇರಿಗೆಲ್ಲ ಕೇಳಿಸುತ್ತಿತ್ತು.

"ಯಾಕೆ ಬಿಟ್ಟರು?"

"ನಾನೇ ಬಿಡಿಸಿದೆ. ಕೆಲವು ವಾರದ ಹಿಂದೆ ದೀಪ ಹಚ್ಚಿ, 'ಒಡೆಯಾ, ನಿನ್ನ ಕೈ ಇವನ ತಲೆ ಮೇಲಿರಲಿ' ಅಂದಳು. ದೇವರಿಗೆ ಕೈ ಇಲ್ಲಮ್ಮಾ ಅಂದೆ."

"ಆಮೇಲೆ?"

"ಕಿವಿಯಾದ್ರೂ ಇದೆಯೇನೋ ಅಂತ ಕೇಳಿದಳು. ಅದೂ ಇಲ್ಲ ಅಂದೆ."

"ಆಮೇಲೆ?"

"ನನ್ನ ತಲೆ ಮೇಲಿಂದ ಕೈ ತೆಗೆದುಬಿಟ್ಟಳು."

ಗುರುಗಳು ಮಸಿ ಕುಡಿಕೆಯ ಬಾಯಿ ಮುಚ್ಚಿ ಅವನ ಕಡೆ ತಿರುಗಿ ಕೂತರು.

"ಈಗ ದೀಪ ಹಚ್ಚುತ್ತಾಳೆ, ಬಾಯಿ ಮಾತ್ರ ತೆರೆಯಲ್ಲ. ಕಿವಿ ಇಲ್ಲದವನ ಹತ್ರ ಏನು ಮಾತಾಡೋದು ಅಂತಾಳೆ. ಊಟಕ್ಕೆ ಕೂತರೆ ಎರಡು ತುತ್ತು ತಿಂದು ಏಳ್ತಾಳೆ. ಗೋಡೆ ಕಡೆ ಮುಖ ಮಾಡಿ ಮಲಗಿಬಿಡ್ತಾಳೆ. ನಂಗೆ ಮನೇಲಿ ಇರೋಕಾಗ್ತಿಲ್ಲ ಗುರುಗಳೇ." ವಿದಾಲ್ ಮುಚ್ಚಿದ ಪುಸ್ತಕವನ್ನು ಪಕ್ಕಕ್ಕೆ ಸರಿಸಿದ. "ನಾನು ಹೇಳಿದ್ದು ತಪ್ಪಾ?"

"ತಪ್ಪಲ್ಲ."

"ಹಾಗಾದ್ರೆ ಅಮ್ಮ ಇಷ್ಟು ವರ್ಷ ಹೇಳಿಕೊಂಡು ಬಂದದ್ದು ತಪ್ಪಾ?"

ಗುರುಗಳು ಎದ್ದು ಹೋಗಿ ಹೊಸ ಚರ್ಮದ ಹಾಳೆಯೊಂದನ್ನು ತಂದು ಅವನ ಮುಂದೆ ಹಾಸಿದರು.

"ದೇವರ ಕೈ ಅನ್ನೋ ಮಾತಿಗೆ ಭಾಷ್ಯ ಬರಿ."

ಆ ಪಾಠಶಾಲೆಯಲ್ಲಿ ಹಾಳೆ ಬರೆಯುವುದಕ್ಕೆ ಒಂದು ಕ್ರಮವಿತ್ತು. ಮೂಲದ ಮಾತನ್ನು ಮೊದಲು ನಡುವೆ ದಪ್ಪ ಅಕ್ಷರದಲ್ಲಿ ಬರೆಯಬೇಕು. ಭಾಷ್ಯ ಆಮೇಲೆ, ಸುತ್ತಲಿನ ಅಂಚಿನಲ್ಲಿ, ಸಣ್ಣ ಅಕ್ಷರದಲ್ಲಿ. ವಿದಾಲ್ ಲೇಖನಿಯನ್ನು ಮಸಿಯಲ್ಲಿ ಅದ್ದಿ ಹಾಳೆಯ ನಡುವಿಗೆ ತಂದ.

ಗುರುಗಳು ಅಲ್ಲಿ ಅಂಗೈ ಇಟ್ಟರು. "ನಡು ಹಾಗೇ ಇರಲಿ. ಅಂಚು ತುಂಬಿಸು."

"ಮೂಲವೇ ಇಲ್ಲದೆ ಭಾಷ್ಯ ಬರೆಯೋದು ಹೇಗೆ ಗುರುಗಳೇ?"

"ಮನೇಲಿ ಅಮ್ಮನ ಮಾತು ಬಿಡಿಸಿ ಬರೀ ಭಾಷ್ಯ ಉಳಿಸಿದ್ದೀಯಲ್ಲ, ಹಾಗೇ."

ವಿದಾಲ್ ತಲೆ ತಗ್ಗಿಸಿ ಬರೆದ. ಕೈ ಎಂದರೆ ಅಂಗವಲ್ಲ ಎಂದು ಬರೆದ. ಅಂಗವಿದ್ದರೆ ದೇಹವಿರಬೇಕು, ದೇಹವಿದ್ದರೆ ಮಿತಿಯಿರಬೇಕು, ಮಿತಿಯಿರುವುದು ದೇವರಲ್ಲ ಎಂದು ಬರೆದ. ಬರವಣಿಗೆಯಲ್ಲಿ ಎಲ್ಲಿಯೂ ಎಡವಲಿಲ್ಲ. ಮಧ್ಯಾಹ್ನದ ಹೊತ್ತಿಗೆ ನಾಲ್ಕೂ ಅಂಚು ತುಂಬಿತು.

ಗುರುಗಳು ಹಾಳೆಯನ್ನು ಬೆಳಕಿಗೆ ಹಿಡಿದು ಪೂರ್ತಿ ಓದಿದರು.

"ಚೆನ್ನಾಗಿದೆ. ಇದನ್ನು ಬೇರೆಯವರು ನೋಡಿದರೆ ಏನಂತಾರೆ?"

"ಇಷ್ಟೆಲ್ಲ ಬರೆದಿದ್ದೀಯ, ಯಾವ ಮಾತಿಗೆ ಬರೆದೆ ಅಂತ ಕೇಳ್ತಾರೆ."

"ಮನೆಗೆ ತಗೊಂಡು ಹೋಗು. ನಡುವೆ ಏನು ಬರೀಬೇಕು ಅಂತ ನಿಮ್ಮಮ್ಮನ್ನ ಕೇಳು. ಹೇಳಿದ್ದನ್ನ ಹೇಳಿದ ಹಾಗೇ ಬರಿ."

"ಅವಳು ಹೇಳದೇ ಹೋದರೆ?"

"ಹಾಳೆ ದಂಡ."

ವಿದಾಲ್ ಮನೆಗೆ ಬಂದಾಗ ಬಿಸಿಲು ಹಳದಿಗೆ ತಿರುಗಿತ್ತು. ಓರೊವಿದಾ ದೀಪಕ್ಕೆ ಬತ್ತಿ ಹೊಸೆಯುತ್ತಿದ್ದಳು. ಅವನು ಹಾಳೆಯನ್ನು ಅವಳ ಮುಂದೆ ಹಾಸಿ ಪಕ್ಕದಲ್ಲಿ ಕೂತ.

ಅವಳು ನೋಡಿದಳು. "ನಡುವೆ ಯಾಕೋ ಬರಿದು ಬಿಟ್ಟಿದ್ದೀ? ಇಷ್ಟು ಒಳ್ಳೇ ಹಾಳೆ."

"ಅಲ್ಲಿ ನಿನ್ನ ಮಾತು ಬರೀಬೇಕಂತೆ ಅಮ್ಮಾ. ಗುರುಗಳು ಹೇಳಿದ್ದಾರೆ. ದೀಪ ಹಚ್ಚುವಾಗ ಹೇಳ್ತಿದ್ದೆಯಲ್ಲ, ಆ ಮಾತು."

"ನಂದಾ?" ಅವಳು ಬತ್ತಿ ಕೆಳಗಿಟ್ಟಳು. "ದೇವರಿಗೆ ಕೈ ಇಲ್ಲ ಅಂದವನು ನೀನೇ. ಈಗ ಅದನ್ನೇ ದಪ್ಪಕ್ಷರದಲ್ಲಿ ಬರೀತೀಯಾ? ತಮಾಷೆ ಮಾಡೋಕೆ ನಾನೇ ಸಿಕ್ಕಿದ್ನಾ?"

"ತಮಾಷೆ ಅಲ್ಲಮ್ಮಾ." ವಿದಾಲನಿಗೆ ಮಾತು ತಡವರಿಸಿತು. "ಕೈ ಇಲ್ಲ ಅಂದರೆ ಅವನಿಗೆ ಏನೋ ಕೊರತೆ ಅಂತಲ್ಲ. ಕೈ ಅನ್ನೋ ಮಾತು ಅವನಿಗೆ ಸಾಲದು ಅಂತ. ಕಿವಿ ಅನ್ನೋದೂ ಸಾಲದು. ನಮ್ಮ ಯಾವ ಮಾತೂ ಸಾಲದು ಅಂತ."

ಓರೊವಿದಾ ಮಗನ ಮುಖವನ್ನೇ ನೋಡಿದಳು. ಬಹಳ ದಿನದ ಮೇಲೆ ನೋಡಿದ್ದು.

"ಅಷ್ಟೇನಾ?"

"ಅಷ್ಟೇ."

"ಅಯ್ಯೋ ನಿನ್ನ! ಸಾಲದು ಅನ್ನೋದು ನಂಗೂ ಗೊತ್ತು ಕಣೋ. ನಾನೇನು ದೇವರು ಬೆರಳಿಗೆ ಉಂಗುರ ಹಾಕ್ಕೊಂಡು ಕೂತಿದ್ದಾನೆ ಅಂದ್ಕೊಂಡಿದ್ನಾ? ನೀನು ಇಲ್ಲ ಇಲ್ಲ ಅಂದಾಗ, ಅಲ್ಲಿ ಯಾರೂ ಇಲ್ಲ ಅಂತ ನಂಗೆ ಕೇಳಿಸ್ತು. ಗಂಡ ಹೋದಾಗಲೂ ಮನೆ ಇಷ್ಟು ಖಾಲಿ ಅನ್ನಿಸಿರಲಿಲ್ಲ." ಅವಳು ತಲೆವಸ್ತ್ರದ ತುದಿಯಿಂದ ಮೂಗು ಒರೆಸಿಕೊಂಡಳು. "ಸಾಲದು ಅಂತೀಯಲ್ಲ, ಸಾಲೋ ಅಂಥ ಬೇರೆ ಮಾತು ನಿಮ್ಮ ಹತ್ರ ಇದೆಯಾ?"

"ಇಲ್ಲಮ್ಮಾ."

"ನಿಮ್ಮ ಗುರುಗಳ ಹತ್ರ?"

"ಅವರ ಹತ್ರಾನೂ ಇಲ್ಲ."

"ಹಾಗಾದ್ರೆ ಬೇಗ ಬರಿ. ಹೊತ್ತು ಮುಳುಗ್ತಾ ಇದೆ. ನಾನು ದೀಪ ಹಚ್ಚಿದ ಮೇಲೆ ನೀನು ಲೇಖನಿ ಮುಟ್ಟೋ ಹಾಗಿಲ್ಲ."

ವಿಶ್ರಾಂತಿಯ ದಿನ ಶುರುವಾದರೆ ಒಂದಕ್ಷರವನ್ನೂ ಬರೆಯಬಾರದು. ವಿದಾಲ್ ಅವಸರದಲ್ಲಿ ಮಸಿ ಕುಡಿಕೆ ಬಿಚ್ಚಿದ.

"ಒಡೆಯಾ, ನಿನ್ನ ಕೈ ಇವನ ತಲೆ ಮೇಲಿರಲಿ," ಎಂದಳು ಓರೊವಿದಾ.

ಅವನು ಬರೆದ. ಮಸಿ ಒರೆಸಿ ಲೇಖನಿ ಇಡಲು ಹೋದ.

"ಇಡಬೇಡ. ಇನ್ನೂ ಮುಗಿದಿಲ್ಲ. ಅವತ್ತೂ ಹೀಗೇ ಅರ್ಧಕ್ಕೆ ಬಾಯಿ ಹಾಕಿದೆ."

"ಇನ್ನೂ ಇತ್ತಾ?"

"ಹೋದ ಚಳಿಗಾಲದಿಂದ ಸೇರಿಸಿಕೊಂಡಿದ್ದೆ, ಮನಸ್ಸಿನಲ್ಲೇ. ಅವತ್ತು ಬಾಯಿಬಿಟ್ಟು ಹೇಳೋಣ ಅಂತಿದ್ದೆ." ಅವಳು ತನ್ನ ಅಂಗೈ ನೋಡಿಕೊಂಡಳು. "'ನನ್ನ ಕೈಗೆ ವಯಸ್ಸಾಯ್ತು.' ಇದನ್ನೂ ಬರಿ."

ವಿದಾಲ್ ಬರೆದ. ಕಣ್ಣು ಮಂಜಾಗಿ ಕೊನೆಯ ಅಕ್ಷರ ಸ್ವಲ್ಪ ಸೊಟ್ಟಗಾಯಿತು.

ಓರೊವಿದಾ ದೀಪ ಹಚ್ಚಿದಳು. ಮಗನ ತಲೆಯ ಮೇಲೆ ಕೈಯಿಟ್ಟು ಎರಡೂ ಮಾತನ್ನು ಪೂರ್ತಿ ಹೇಳಿದಳು, ಕೇರಿಗೆಲ್ಲ ಕೇಳಿಸುವಷ್ಟು ಜೋರಾಗಿ. ಎದುರು ಮನೆಯವಳು ಕಿಟಕಿಯಿಂದ ಇಣುಕಿ ನೋಡಿ ನಕ್ಕಳು. ಆ ರಾತ್ರಿ ತಾಯಿ ಮಗ ಇಬ್ಬರೂ ಹೊಟ್ಟೆ ತುಂಬ ಉಂಡರು. ವಿದಾಲನಿಗೆ ಎದೆಯ ಮೇಲಿನ ಕಲ್ಲು ಇಳಿದಂತಾಗಿ, ಊಟದ ನಡುವೆ ಕಾರಣವಿಲ್ಲದೆ ನಗು ಬಂತು.

ಭಾನುವಾರ ಅವನು ಹಾಳೆಯನ್ನು ಗುರುಗಳ ಮುಂದಿಟ್ಟ.

"ನಿಮ್ಮಮ್ಮ ಹೇಗಿದ್ದಾರೆ?"

"ಬೈತಾ ಇದ್ದಾಳೆ ಗುರುಗಳೇ," ಎಂದ ವಿದಾಲ್ ಸಂತೋಷದಿಂದ. "ಸೊಟ್ಟ ಅಕ್ಷರ ಬರೆದೆ ಅಂತ."

ಗುರುಗಳು ಹಾಳೆಯ ನಡುವಿನ ಎರಡು ಸಾಲನ್ನು ಓದಿದರು. ಮತ್ತೊಮ್ಮೆ ಓದಿದರು. ಅಂಚಿನ ಕಡೆ ಕಣ್ಣು ಹೋಗಲಿಲ್ಲ.

"ಗುರುಗಳೇ, ಒಂದು ಅನುಮಾನ ಉಳಿದಿದೆ. ಅಂಚಿನಲ್ಲಿ ದೇವರಿಗೆ ಕೈ ಇಲ್ಲ ಅಂತಿದೆ. ನಡುವೆ ಅವನ ಕೈಯನ್ನೇ ಬೇಡಿಕೊಂಡಿದೆ. ಒಂದೇ ಹಾಳೇಲಿ ಎರಡೂ ಇರಬಹುದಾ?"

ರಬ್ಬಿ ಅಜರ್ಯ ಹಾಳೆಯನ್ನು ಅವನ ಕೈಗೆ ಕೊಟ್ಟು, ಅವನ ಮುಂದೆ ತಲೆ ಬಾಗಿಸಿ ಕೂತರು.

"ನಡುವಿನದನ್ನ ಗಟ್ಟಿಯಾಗಿ ಓದಪ್ಪಾ. ಓದುವಾಗ ನಿನ್ನ ಕೈ ನನ್ನ ತಲೆ ಮೇಲಿಡು."