ದಾಗಿನಗುಡ್ಡಕ್ಕೆ ಹೆಸರು ಕೊಟ್ಟ ಕೂಸು

ಕುಮಟೆಯಿಂದ ಹೊನ್ನಾವರಕ್ಕೆ ಹೋಗುವ ಹೆದ್ದಾರಿಯನ್ನು ಬಿಟ್ಟು ಪಶ್ಚಿಮಕ್ಕೆ ತಿರುಗಿದರೆ ಕಿರುಬೇಲೆ ಎಂಬ ಮೀನುಗಾರರ ಊರು ಸಿಗುತ್ತದೆ. ಊರಿನ ಅಂಚಿಗೆ, ಹೊಳೆ ಕಡಲನ್ನು ಸೇರುವ ಅಳಿವೆಯ ಪಕ್ಕದಲ್ಲಿ, ಚಿರೆಕಲ್ಲಿನ ಬೋಳುಗುಡ್ಡವೊಂದು ನಿಂತಿದೆ. ಪಂಚಾಯಿತಿಯವರು ನೆಟ್ಟ ಫಲಕದಲ್ಲಿ ‘ದಾಗಿನಗುಡ್ಡ’ ಎಂದು ಬರೆದಿದೆ. ಅದನ್ನು ಓದಿದವರು ಯಾವುದೋ ರಾಣಿ ತನ್ನ ದಾಗೀನುಗಳನ್ನು ಇಲ್ಲಿ ಹೂತಿಟ್ಟಿರಬೇಕೆಂದು ಊಹಿಸುತ್ತಾರೆ. ಈ ಊರಿನ ಶಾಲೆಯಲ್ಲಿ ಮೂವತ್ತೊಂದು ವರ್ಷ ಪಾಠ ಹೇಳಿದ ನಾನು ಹಾಗಲ್ಲವೆಂದು ಎಷ್ಟೋ ಜನರಿಗೆ ತಿಳಿಸಿದ್ದೇನೆ. ಅದು ಒಂದು ಹೆಣ್ಣುಕೂಸಿನ ಹೆಸರು. ದಾಗ್ನಿ ಎಂಬುದು ನಮ್ಮವರ ನಾಲಗೆಯಲ್ಲಿ ಹೊರಳಿ ದಾಗಿನ ಆಯಿತು. ನಾರ್ವೆ ದೇಶದವರ ಹಳೆಯ ಭಾಷೆಯಲ್ಲಿ ಅದರ ಅರ್ಥ ಹೊಸ ಹಗಲು.

ಹಿಂದೆ ಒಮ್ಮೆ, ಈ ಕರಾವಳಿ ಬಿದನೂರಿನ ಅರಸರ ಕೈಯಲ್ಲಿದ್ದಾಗ, ಮೂಡಣ ಕರಾವಳಿಯ ತರಂಗಂಬಾಡಿಗೆ ಹೊರಟಿದ್ದ ಪರದೇಶದ ಹಡಗೊಂದು ಸಿಹಿನೀರಿಗಾಗಿ ಅಳಿವೆಯ ಹೊರಗೆ ಲಂಗರು ಹಾಕಿತು ಎನ್ನುತ್ತಾರೆ. ನೀರು ತುಂಬಲು ಬಂದ ದೋಣಿಯಲ್ಲಿ ಪೇದರ್ ಎಂಬ ನಾರ್ವೆಯವನಿದ್ದ. ಹಡಗಿನ ಹಾಯಿ ಹೊಲಿಯುವುದು ಅವನ ಕೆಲಸ. ಅವನ ತೋಳಿನಲ್ಲಿ ಐದು ದಿನದ ಕೂಸಿತ್ತು. ಎರಡು ರಾತ್ರಿ ನೋವು ತಿಂದ ಅವನ ಹೆಂಡತಿ ಬೆಳಕು ಹರಿಯುವಾಗ ಹೆತ್ತು, ಕೂಸಿಗೆ ದಾಗ್ನಿ ಎಂದು ತನ್ನ ಅಜ್ಜಿಯ ಹೆಸರನ್ನೇ ಇಟ್ಟು, ಮಧ್ಯಾಹ್ನದೊಳಗೆ ತೀರಿಹೋಗಿದ್ದಳು. ಹಡಗಿನಲ್ಲಿ ಹಾಲಿರಲಿಲ್ಲ. ಸಕ್ಕರೆ ನೀರಿನಲ್ಲಿ ಬಟ್ಟೆ ಅದ್ದಿ ಚೀಪಿಸುತ್ತಿದ್ದರಂತೆ. ಅಳುವ ಶಕ್ತಿಯೂ ಉಳಿಯದ ಆ ಕೂಸನ್ನು ಪೇದರ್ ದಂಡೆಯಲ್ಲಿದ್ದ ಹೆಂಗಸರ ಮುಂದೆ ಒಬ್ಬೊಬ್ಬರಿಗೂ ಹಿಡಿದು ತೋರಿಸಿದ.

ಅಂಬಿಗರ ಕೇರಿಯ ಸೋಮಿಯ ಚೊಚ್ಚಲ ಮಗು ಸತ್ತು ಆಗ ಹನ್ನೊಂದು ದಿನ. ಹಾಲು ತುಂಬಿ ಎದೆ ಕಟ್ಟಿ ಜ್ವರ ಬಂದಿತ್ತು. ಅವಳು ಕೂಸನ್ನು ತೆಗೆದುಕೊಂಡು ಬಲೆಯ ರಾಶಿಯ ಹಿಂದೆ ಕುಳಿತು ಹಾಲು ಕೊಟ್ಟಳು. ದೋಣಿಯಲ್ಲಿ ಬಂದಿದ್ದ ಗೋವೆಯ ಅಡುಗೆಯವನು ಕೊಂಕಣಿಯಲ್ಲಿ ಎಲ್ಲವನ್ನೂ ವಿವರಿಸಿದ. ಹಾಯಿ ಹೊಲಿಯುವವನನ್ನು ಕಪ್ತಾನ ಬಿಡುವುದಿಲ್ಲ. ಮುಂದಿನ ಸುಗ್ಗಿಯೊಳಗೆ ಅಪ್ಪನೇ ಬಂದು ಕೂಸನ್ನು ಕರೆದೊಯ್ಯುತ್ತಾನೆ. ಅಲ್ಲಿಯವರೆಗೆ ಕೂಸು ಇವಳದು. ಹೆಸರೊಂದನ್ನು ಮಾತ್ರ ಬದಲಿಸಬಾರದು. ಪೇದರ್ ಮೂಡಣಕ್ಕೆ ಕೈ ತೋರಿಸಿ ಹೆಸರಿನ ಅರ್ಥ ಹೇಳಿದ. ಸರಿಯಾಗಿ ನಾಲಗೆಗೆ ಹತ್ತುವವರೆಗೂ ಸೋಮಿಯಿಂದ ಅದನ್ನು ಹೇಳಿಸಿದ. ಆಮೇಲೆ ದೋಣಿ ಹೊರಟಿತು.

ಸುಗ್ಗಿ ಬಂತು, ಹಡಗು ಬರಲಿಲ್ಲ. ಮಳೆಗಾಲ ಮುಗಿದು ಮತ್ತೊಂದು ಸುಗ್ಗಿಯೂ ಕಳೆಯಿತು. ಒಣಹುಲ್ಲಿನ ಬಣ್ಣದ ಕೂದಲಿನ ದಾಗ್ನಿ ಸೋಮಿಯನ್ನು ಅವ್ವೀ ಎಂದು ಕರೆಯುತ್ತ, ಏಡಿಯ ಹಿಂದೆ ಓಡುತ್ತ ಬೆಳೆದಳು. ಸೋಮಿಯ ನೆಗೆಣ್ಣಿ ಬೀರಮ್ಮ ಲೋಕ ಕಂಡವಳು. “ಹೆಸ್ರು ಬದ್ಲಾಯ್ಸೇ ತಂಗಿ. ಗೌರಿ ಅಂತ ಕರಿ. ಅವ ಬಂದ್ರೆ ಕೂಸು ತೀರ್ಕಂತು ಅಂದ್ರಾಯ್ತು” ಎಂದಳು. ಸೋಮಿ ಒಪ್ಪಲಿಲ್ಲ. “ಸಾಯೂ ಹೊತ್ತಲ್ಲಿ ಹೆತ್ತವ್ಳು ಇಟ್ಟ ಹೆಸ್ರು ಅಕ್ಕ. ಅದ್ನ ಅಳ್ಸೂಕೆ ನಾ ಯಾರು?” ಎಂದಳು.

ಮೂರನೆಯ ವರ್ಷ ಹಡಗು ಬಂದೇಬಿಟ್ಟಿತು. ದೋಣಿ ಅಳಿವೆ ದಾಟುತ್ತಿದ್ದಂತೆ ಸೋಮಿ ಕೂಸನ್ನು ಎತ್ತಿಕೊಂಡು ಮನೆಯೊಳಗೆ ಹೋಗಿ ಅಗಳಿ ಹಾಕಿದಳು. ಈ ಸಲ ಗೋವೆಯ ಅಡುಗೆಯವನಿರಲಿಲ್ಲ. ಯಾರಿಗೂ ಯಾರ ಮಾತೂ ತಿಳಿಯದು. ಪೇದರ್ ಕೇಳಿದ್ದಕ್ಕೆ ಬೀರಮ್ಮ ಕಣ್ಣು ಮುಚ್ಚಿ, ಕೈಯನ್ನು ಕೆನ್ನೆಗಿಟ್ಟು, ನೆಲ ತೋರಿಸಿದಳು. ಅವನು ಕೇರಿಯ ನಡುವೆ ಕುರುಡನಂತೆ ನಡೆದ. ಹುಡುಕುವುದಕ್ಕಲ್ಲ, ಸತ್ತವಳನ್ನು ನೆನೆದು ಅಳುವವನ ಹಾಗೆ, “ದಾಗ್ನಿ, ದಾಗ್ನಿ” ಎಂದು ಕರೆದ. ಸೋಮಿಯ ಮನೆಯ ತಟ್ಟಿಗೋಡೆಯ ಒಳಗಿಂದ ಕೂಸು “ಓ” ಎಂದಿತು.

“ಬಾಯಿ ಮುಚ್ಚೂಕೆ ಕೈ ಎತ್ತಿದ್ದೆ. ಕೈ ಮುಂದೆ ಹೋಗ್ಲಿಲ್ಲ” ಎಂದು ಸೋಮಿ ಆಮೇಲೆ ಹೇಳಿದಳಂತೆ. ಅಗಳಿ ತೆಗೆದು ಕೂಸನ್ನು ಹೊರಗೆ ತಂದವಳೂ ಅವಳೇ. ಪೇದರ್ ಅವಳ ಪಾದಕ್ಕೆ ಹಣೆ ಹಚ್ಚಿ ಬಿಕ್ಕಿದ, ಆದರೆ ಎದ್ದವನು ಎರಡೂ ಕೈ ಚಾಚಿದ. ಕೂಸು ಸೋಮಿಯ ಕೊರಳನ್ನು ಬಿಡಲಿಲ್ಲ. ಅವಳ ಗಂಡ ಜಟ್ಟು ಒಂದೊಂದಾಗಿ ಆ ಬೆರಳುಗಳನ್ನು ಬಿಡಿಸಿದ. ಕೂಸು ಯಾವ ಕೈಯಿಂದ ಉಣ್ಣುತ್ತದೆ, ಯಾವುದಕ್ಕೆ ಹೆದರುತ್ತದೆ, ಜ್ವರ ಬಂದರೆ ಏನು ಅರೆದು ಕುಡಿಸಬೇಕು ಎಂದು ಸೋಮಿ ಹೇಳುತ್ತಲೇ ಇದ್ದಳು. ಪೇದರ್ ತಲೆಯಾಡಿಸುತ್ತಲೇ ಇದ್ದ. ಅವಳ ಒಂದು ಮಾತೂ ಅವನಿಗೆ ತಿಳಿಯಲಿಲ್ಲ.

ದೋಣಿ ಹೊರಟಾಗ ಸೋಮಿ ಗುಡ್ಡ ಹತ್ತಿ ಓಡಿದಳು. ತುದಿಯಲ್ಲಿ ನಿಂತು ಹೆಸರು ಹಿಡಿದು ಕೂಗಿದಳು. ಅವಳು ಕೂಗಿದಷ್ಟು ಸಲವೂ ನೀರಿನ ಮೇಲಿಂದ “ಓ” ಎಂಬ ಉತ್ತರ ಬಂತು. ದೋಣಿ ದೂರವಾದ ಮೇಲೆ ಬರಲಿಲ್ಲ. ಅವಳು ಬದುಕಿರುವವರೆಗೂ ಸುಗ್ಗಿಯ ದಿನಗಳಲ್ಲಿ ಆ ಗುಡ್ಡದ ಮೇಲೆ ಅದೇ ಕೂಗು ಕೇಳುತ್ತಿತ್ತು ಎನ್ನುತ್ತಾರೆ. ಕೇಳಿದ ಮೀನುಗಾರರು ಗುಡ್ಡವನ್ನೇ ಆ ಹೆಸರಿನಿಂದ ಗುರುತಿಸತೊಡಗಿದರು. ಕೂಸು ತನ್ನ ದೇಶವನ್ನು ಮುಟ್ಟಿತೋ ಇಲ್ಲವೋ, ಇಲ್ಲಿ ಯಾರಿಗೂ ತಿಳಿಯದು.

ಗುಡ್ಡದ ಮೇಲೆ ಗುಡಿಯಿಲ್ಲ, ಶಾಸನವಿಲ್ಲ. ನೋಡಲು ಬಂದವರು ಗಾಳಿಗೆ ಕೊಂಚ ಹೊತ್ತು ನಿಂತು ಇಳಿದುಬಿಡುತ್ತಾರೆ. ಇಳಿಯುವ ದಾರಿ ಅಂಬಿಗರ ಕೇರಿಯ ನಡುವೆಯೇ ಹಾಯುತ್ತದೆ. ಅಲ್ಲಿ ಅಂಗಳದಲ್ಲಿ ಆಡುವ ಮಗುವಿನ ಹೆಸರನ್ನು ಕೇಳಿ ನೋಡಿ. ತಾಯಿ ಕೈಕೆಲಸ ಬಿಟ್ಟು ಬಂದು, ಮಗುವನ್ನು ಸೊಂಟಕ್ಕೆ ಎತ್ತಿಕೊಂಡು, “ಹೆಸ್ರೆಂತಕ್ಕೆ? ಕರದ್ರೆ ಓ ಅಂತದೆ. ಕೂಸು ಅನ್ನಿ, ಸಾಕು” ಎನ್ನುತ್ತಾಳೆ. ಅದು ಸಂಕೋಚವೆಂದುಕೊಂಡು ಬಂದವರು ನಕ್ಕು ಮುಂದೆ ಹೋಗುತ್ತಾರೆ.