‘ಇಲ್ಲ’ ಎಂದರೆ ಕೇಳಿಸದ ಪಂಡಿತರು

“ಲೋಕದಲ್ಲಿ ಯಾರು ಏನು ಹೇಳಿದರೂ ನಿಜವೇ! ಸುಳ್ಳು ಹೇಳುವುದು ಹುಲುಮಾನವರಿಂದ ಆಗುವ ಕೆಲಸವಲ್ಲ. ತಾಕತ್ತಿದ್ದವರು ಒಂದೇ ಒಂದು ಸುಳ್ಳು ಹೇಳಿ ತೋರಿಸಲಿ!”

ಹೊಳೆಸಾಲಿನ ದೊರೆ ಕೇತರಸನ ಸಭೆಯಲ್ಲಿ ಹೀಗೆ ತೊಡೆ ತಟ್ಟಿದವರು ಹಡಗು ಹತ್ತಿ ಬಂದಿದ್ದ ಯವನ ಪಂಡಿತ ದೆಮೋಫಿಲರು. ನಮ್ಮವರ ನಾಲಗೆಗೆ ಆ ಹೆಸರು ಒಗ್ಗದೆ ದೇಮಪ್ಪ ಪಂಡಿತರಾಗಿದ್ದರು. ಎದೆಯವರೆಗೆ ಇಳಿದ ಬಿಳಿ ಗಡ್ಡ. ದಿನಾ ಬೆಳಿಗ್ಗೆ ಅದಕ್ಕೆ ಎಣ್ಣೆ, ಬಾಚಣಿಗೆ, ಸಾಂಬ್ರಾಣಿ ಹೊಗೆ.

“ಅದು ಹೇಗೆ ಪಂಡಿತರೇ?” ಎಂದ ದೊರೆ.

“ಇರುವುದನ್ನು ಹೇಳಿದರೆ ಅದು ನಿಜ. ಹೌದೋ?”

“ಹೌದು.”

“ಇಲ್ಲದ ಹಣ್ಣನ್ನು ತಿಂದವನು ಏನನ್ನೂ ತಿಂದಿಲ್ಲ. ಹಾಗೆಯೇ ಇಲ್ಲದ್ದನ್ನು ಹೇಳಿದವನು ಏನನ್ನೂ ಹೇಳಿಲ್ಲ. ಬಾಯಿಂದ ಮಾತು ಬಂತು ಅಂದರೆ ಅದು ಇರುವುದರ ಮಾತೇ. ಅಂದಮೇಲೆ ನಿಜವೇ!”

ದೊರೆ ತಲೆದೂಗಿದ. ಕೇತರಸ ಒಳ್ಳೆಯವನು. ಆದರೆ ಮಾತು ಅರ್ಥವಾಗದಿದ್ದರೆ ಅದು ದೊಡ್ಡ ಮಾತೇ ಇರಬೇಕು ಎಂದು ನಂಬುವ ಪೈಕಿ. ದೊರೆಯ ತಲೆ ತೂಗಿದ ಮೇಲೆ ಸಭೆಯ ತಲೆಗಳೂ ತೂಗಿದವು.

ಇದರಿಂದ ಯಾರಿಗೇನು ನಷ್ಟ ಅನ್ನುತ್ತೀರಾ? ಅಂಬಿಗರ ಬೀರಕ್ಕನನ್ನು ಕೇಳಿ.

ಗಂಡ ಸತ್ತ ಮೇಲೆ ಬೀರಕ್ಕ ದೋಣಿ ನಡೆಸಿ ಮಕ್ಕಳನ್ನು ಸಾಕುತ್ತಿದ್ದಳು. ಹೊಳೆ ದಾಟಲು ಊರಿಗಿದ್ದದ್ದು ಅದೊಂದೇ ದೋಣಿ. ಸುಂಕದ ಅಧಿಕಾರಿ ಮಾದಯ್ಯನಿಗೆ ಅದರ ಮೇಲೆ ಕಣ್ಣು. ಪಂಡಿತರನ್ನು ಮನೆಯಲ್ಲಿಟ್ಟುಕೊಂಡು ಹೋಳಿಗೆ ತುಪ್ಪ ಉಣಿಸುತ್ತಿದ್ದವನೂ ಅವನೇ. ದೊರೆ ತಲೆದೂಗಿದ್ದನ್ನು ಕಂಡವನೇ ಎದ್ದು ನಿಂತ.

“ಪ್ರಭು, ಅಂಬಿಗರ ಬೀರಕ್ಕನ ಗಂಡ ಸಾಯುವ ಮುಂಚೆ ದೋಣಿಯನ್ನು ನನಗೆ ಕೊಟ್ಟಿದ್ದಾನೆ. ಕೊಡಿಸಬೇಕು.”

ಬೀರಕ್ಕನನ್ನು ಕರೆಸಿದರು. ಅವಳು ಬಂದವಳೇ, “ಇಲ್ಲ ಬುದ್ಧೀ, ಕೊಟ್ಟಿಲ್ಲ!” ಅಂದಳು.

ಪಂಡಿತರು ಕಿವಿಗೆ ಕೈಯಾನಿಸಿದರು. “ಮಾದಯ್ಯ ಹೇಳಿದ್ದು ಕೇಳಿಸಿತು. ಈಕೆ ಏನಾದರೂ ಹೇಳಿದಳೇ? ‘ಇಲ್ಲ’ ಅನ್ನುವುದು ಇಲ್ಲದ್ದರ ಮಾತು. ಅಂದರೆ ಮಾತೇ ಅಲ್ಲ.”

“ದೋಣಿ ನಂದು ಬುದ್ಧೀ!”

“ಹಾಂ, ಇದು ಮಾತು. ನಿಜವೂ ಹೌದು. ಗಂಡ ಕೊಡುವವರೆಗೆ ನಿಮ್ಮದೇ ಆಗಿತ್ತು ತಾಯಿ. ಈಗ ಮಾದಯ್ಯನದು.”

ಬೀರಕ್ಕ ದೊರೆಯ ಕಡೆ ತಿರುಗಿದಳು. “ದೋಣಿ ಹೋದ್ರೆ ಮಕ್ಕಳ ಬಾಯಿಗೆ ಏನ್ ಹಾಕ್ಲಿ ಬುದ್ಧೀ?”

ದೊರೆಗೆ ಅಯ್ಯೋ ಪಾಪ ಅನಿಸಿತು. ಆದರೆ ಪಂಡಿತರ ತರ್ಕಕ್ಕೆ ಉತ್ತರ ಹೊಳೆಯಲಿಲ್ಲ. “ನಾಳೆ ತೀರ್ಪು ಕೊಡುತ್ತೇನೆ” ಎಂದು ಎದ್ದುಬಿಟ್ಟ.

ಸಭೆಯಲ್ಲಿ ಬೊಪ್ಪಣ್ಣ ಅಂತ ಒಬ್ಬನಿದ್ದ. ದೊರೆಗೆ ಬೇಸರವಾದಾಗ ನಗಿಸುವುದು ಅವನ ಕೆಲಸ. ಆ ದಿನ ಮಾತ್ರ ಅವನಿಗೆ ನಗು ಬರಲಿಲ್ಲ, ಸಿಟ್ಟು ಬಂತು.

ಮರುದಿನ ಬೊಪ್ಪಣ್ಣ ಸಭೆಗೆ ಬಂದಾಗ ಅವನ ಬೆನ್ನಿಗೆ ಕ್ಷೌರಿಕ ಲಿಂಗಣ್ಣ, ಲಿಂಗಣ್ಣನ ಕೈಯಲ್ಲಿ ಆಗಷ್ಟೇ ಮಸೆದ ಕತ್ತಿ.

“ಇದೇನೋ ಬೊಪ್ಪಣ್ಣ?”

“ಪ್ರಭು, ನಿನ್ನೆ ಸಂಜೆ ಪಂಡಿತರು ದೊಡ್ಡ ಮನಸ್ಸು ಮಾಡಿ ತಮ್ಮ ಗಡ್ಡವನ್ನ ನನಗೆ ದಾನ ಕೊಟ್ರು. ದಿಂಬಿಗೆ ತುಂಬಿಸೋಣ ಅಂತ ತಗೊಂಡು ಹೋಗೋಕೆ ಬಂದೆ.”

ಪಂಡಿತರು ನೆಗೆದು ನಿಂತರು. “ಇಲ್ಲ! ನಾನು ಕೊಟ್ಟಿಲ್ಲ!”

ಬೊಪ್ಪಣ್ಣ ಅತ್ತಿತ್ತ ನೋಡಿದ. “ಪ್ರಭು, ಯಾರಾದ್ರೂ ಮಾತಾಡಿದ್ರಾ?”

ದೊರೆ ಮೀಸೆಯೊಳಗೇ ನಕ್ಕ. “ನನಗೇನೂ ಕೇಳಿಸಲಿಲ್ಲಪ್ಪ.”

“ಗಡ್ಡ ನನ್ನದು!”

“ನಿಜ ಪಂಡಿತರೇ, ನಿನ್ನೆ ಸಂಜೆವರೆಗೂ ನಿಮ್ಮದೇ. ಲಿಂಗಣ್ಣ, ನೀರು ಹಚ್ಚು.”

ಲಿಂಗಣ್ಣ ಹಚ್ಚಿಯೂ ಬಿಟ್ಟ. ತಣ್ಣನೆಯ ಕತ್ತಿ ಕೆನ್ನೆಗೆ ತಾಗಿದ್ದೇ ತಡ, ಪಂಡಿತರು ಯವನ ದೇಶಕ್ಕೆ ಕೇಳುವಂತೆ ಕಿರುಚಿದರು. “ಸುಳ್ಳು! ಇವನು ಹೇಳುತ್ತಿರುವುದು ಶುದ್ಧ ಸುಳ್ಳು!”

ಬೊಪ್ಪಣ್ಣ ಲಿಂಗಣ್ಣನ ಕೈ ತಡೆದು, ಪಂಡಿತರಿಗೆ ಸೊಂಟ ಬಗ್ಗಿಸಿ ನಮಸ್ಕಾರ ಮಾಡಿದ. “ತಾಕತ್ತಿದ್ರೆ ಒಂದು ಸುಳ್ಳು ಹೇಳಿ ತೋರಿಸಿ ಅಂದಿದ್ರಿ. ಹೇಳಿದೆ. ಒಪ್ಪಿಕೊಂಡ್ರಲ್ಲ, ಅಷ್ಟು ಸಾಕು.”

ಸಭೆ ಗೊಳ್ಳೆಂದಿತು. ನಗು ಇಳಿದ ಮೇಲೆ ದೊರೆ ಕೇಳಿದ. “ಅದು ಸರಿ ಬೊಪ್ಪಣ್ಣ, ಇಲ್ಲದ್ದನ್ನು ಹೇಳುವುದು ಹೇಗೆ? ಯೋಚಿಸಿ ಯೋಚಿಸಿ ನನಗೆ ನಿದ್ದೆಯೇ ಬರಲಿಲ್ಲ.”

“ಸುಳ್ಳು ಹೇಳೋಕೆ ಇಲ್ಲದ ವಸ್ತು ಯಾಕೆ ಬೇಕು ಪ್ರಭು? ಉಪ್ಪು ಇದೆ, ಪಾಯಸವೂ ಇದೆ. ಪಾಯಸಕ್ಕೆ ಉಪ್ಪು ಸುರಿದವಳು ಇಲ್ಲದ್ದನ್ನೇನೂ ಹಾಕಲಿಲ್ಲ. ಆದ್ರೂ ಬಾಯಿಗಿಡೋಕಾಗಲ್ಲ. ದೋಣಿ ಇದೆ, ಮಾದಯ್ಯ ಇದ್ದಾನೆ, ಕೊಡೋದು ಅನ್ನೋದೂ ಲೋಕದಲ್ಲಿ ಇದೆ. ಒಂದಕ್ಕೊಂದು ಸೇರದ್ದನ್ನ ಕಲಸಿ ಬಡಿಸಿದ್ರೆ ಅದೇ ಸುಳ್ಳು.”

ಹೇಳುತ್ತಲೇ ಮಾದಯ್ಯನ ಕಡೆ ತಿರುಗಿದ. “ಲಿಂಗಣ್ಣ, ಕತ್ತಿ ಮಡಿಸಬೇಡ. ಮಾದಯ್ಯನವರೂ ಮೊನ್ನೆ ತಮ್ಮ ಮೀಸೆಯನ್ನ ನನಗೆ ಕೊಟ್ಟಿದ್ರು ನೋಡು.”

ಮಾದಯ್ಯ ಎರಡೂ ಕೈಯಿಂದ ಮೀಸೆ ಮುಚ್ಚಿಕೊಂಡ. “ಬೇಡ! ದೋಣಿ ಬೀರಕ್ಕನದೇ ಪ್ರಭು, ಅವಳದೇ! ಅವಳ ಗಂಡ ನನಗೆ ದೋಣಿಯ ಹುಟ್ಟನ್ನೂ ಮುಟ್ಟಗೊಟ್ಟವನಲ್ಲ!”

ದೊರೆ ಹೊಟ್ಟೆ ಹಿಡಿದು ನಕ್ಕ. ಹೊದ್ದಿದ್ದ ಶಾಲನ್ನು ಬೊಪ್ಪಣ್ಣನ ಹೆಗಲಿಗೆ ಹಾಕಿದ. ಮಾದಯ್ಯನಿಗೆ ಸುಂಕದ ಕೆಲಸ ಹೋಗಿ, ಮಳೆಗಾಲ ಮುಗಿಯುವವರೆಗೆ ಬೀರಕ್ಕನ ದೋಣಿಯ ನೀರು ಮೊಗೆಯುವ ಕೆಲಸ ಸಿಕ್ಕಿತು. ಪಂಡಿತರಿಗೆ ಸಂಜೆಯೊಳಗೆ ರಾಜ್ಯ ಬಿಡಬೇಕೆಂಬ ಅಪ್ಪಣೆಯಾಯಿತು.

ಹಡಗು ನಿಂತದ್ದು ಹೊಳೆಯ ಆಚೆ ದಡದಲ್ಲಿ. ಪಂಡಿತರು ಗಂಟುಮೂಟೆ ಹೊತ್ತು ಏದುಸಿರು ಬಿಡುತ್ತಾ ದಡಕ್ಕೆ ಬಂದರು.

“ತಾಯೀ, ದೋಣಿಯಲ್ಲಿ ನನಗೊಂದಿಷ್ಟು ಜಾಗ ಇದೆಯೇ?”

ಬೀರಕ್ಕ ಅವರನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು.

“ಇಲ್ಲ” ಅಂದಳು.

ಈ ಸಲ ಪಂಡಿತರಿಗೆ ಚೆನ್ನಾಗಿ ಕೇಳಿಸಿತು.