ಬಿದಿರಿನ ಪಾಲಿನ ದಿನ

ಮೊದಲೇ ಕ್ಷಮಿಸಿಬಿಡಿ ಮಕ್ಕಳೇ, ನನಗೆ ಕಥೆ ಹೇಳಲು ಚೆನ್ನಾಗಿ ಬರುವುದಿಲ್ಲ. ಇದು ನಾನು ಬರೆಯುತ್ತಿರುವ ಮೊದಲ ಕಥೆ. ನಿಮಗೆಲ್ಲಿ ಅರ್ಥವಾಗದೆ ಹೋಗುತ್ತದೋ ಎಂಬ ಭಯಕ್ಕೆ ನಡುನಡುವೆ ನಿಂತು ವಿವರಿಸುತ್ತೇನೆ. ಬೇಸರವಾದರೆ ಆ ಸಾಲುಗಳನ್ನು ಬಿಟ್ಟು ಮುಂದೆ ಓದಿ.

ಲೋಕ ಇನ್ನೂ ಹಸಿ ಮಡಕೆಯಂತಿದ್ದ ಕಾಲ ಅದು. ಹಸಿ ಮಡಕೆ ಎಂದರೆ ಇನ್ನೂ ಸುಡದ ಮಡಕೆ; ಮುಟ್ಟಿದರೆ ಸಾಕು, ಆಕಾರ ಕೆಡುತ್ತದೆ. ಆಗ ದಿನಗಳೂ ಹಾಗೆಯೇ ಇದ್ದವು. ಒಂದು ದಿನ ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿಯುತ್ತಿತ್ತು. ಇನ್ನೊಂದು ದಿನ ಎಷ್ಟು ಸಲ ಮಲಗಿ ಎದ್ದರೂ ಮುಗಿಯುತ್ತಿರಲಿಲ್ಲ. ನಿನ್ನೆ ಬಂದು ಹೋದ ದಿನವೇ ನಾಳೆ ಮತ್ತೆ ಬಾಗಿಲಿಗೆ ಬರುತ್ತಿತ್ತು.

ಮಳೆ ಬಂತೆಂದು ಕಪ್ಪೆ ಹಾಡಲು ಬಾಯಿ ತೆರೆದರೆ, ಮುಚ್ಚುವಷ್ಟರಲ್ಲಿ ಬಿಸಿಲು. ಮಾವಿನ ಹೂ ಕಾಯಾಗುವ ಮೊದಲೇ ಚಳಿ.

ಆ ಲೋಕದಲ್ಲಿ ದುಗ್ಗವ್ವ ಎಂಬ ಹೆಂಗಸಿದ್ದಳು. ಅವಳು ಮಗುವನ್ನು ತೊಟ್ಟಿಲಲ್ಲಿ ಮಲಗಿಸಿ ಹೊಳೆಗೆ ನೀರು ತರಲು ಹೋದಳು. ಕೊಡ ತುಂಬಿಸಿಕೊಂಡು ಬಂದರೆ ತೊಟ್ಟಿಲ ಪಕ್ಕ ಮೀಸೆಯ ಗಂಡಸೊಬ್ಬ ಕೂತಿದ್ದ.

"ಯಾರಮ್ಮ ನೀನು? ಯಾರು ಬೇಕಿತ್ತು?" ಎಂದ.

ಅವನೇ ಅವಳ ಮಗ. ಹೊಳೆಯ ಹತ್ತಿರ ಸ್ವಲ್ಪ ಹೊತ್ತು ಕಳೆಯುವಷ್ಟರಲ್ಲಿ ಮನೆಯೊಳಗೆ ಎಷ್ಟೋ ವರ್ಷ ಹರಿದುಹೋಗಿತ್ತು. ಅವನ ತಪ್ಪೇನೂ ಇಲ್ಲ, ಅದನ್ನು ಹೇಳಿಬಿಡಬೇಕು.

ದುಗ್ಗವ್ವ ಬಿದಿರು ಮೆಳೆಯ ಕೆಳಗೆ ಕೂತು ಅತ್ತಳು. "ಬಿದಿರಕ್ಕ, ಹೊಟ್ಟೆಯಲ್ಲಿ ಇನ್ನೊಂದಿದೆ. ಇದು ಅಂಬೆಗಾಲಿಡುವುದನ್ನಾದರೂ ನಾನು ನೋಡಬೇಡವೇ?"

ಹೊಳೆ, ಬಂಡೆ, ಏಡಿ, ಕಪ್ಪೆ, ಮಾವು, ಎಲ್ಲರೂ ಸೇರಿದರು. ದಿನಗಳನ್ನು ಯಾರಾದರೂ ಹಿಡಿದಿಡಬೇಕು ಎಂದರು.

"ನನಗೆ ಕೊಡಬೇಡಿ. ನಾನು ಯಾವತ್ತು ಏನನ್ನು ಇಟ್ಟುಕೊಂಡಿದ್ದೇನೆ?" ಎಂದಳು ಹೊಳೆ.

"ದಿನವೇ? ಯಾವಾಗ ಬಂದಿತ್ತು?" ಎಂದಿತು ಬಂಡೆ.

"ಈ ಬಂಡೆಯಣ್ಣನಿಗೆ ಕೊಟ್ಟರೆ ದಿನಗಳ ಮೇಲೆ ಕೂತು ನಿದ್ದೆ ಮಾಡುತ್ತಾನೆ ಅಷ್ಟೇ," ಎಂದು ಏಡಿ ನಕ್ಕಿತು.

ಆಗ ಬಿದಿರು ಹೇಳಿದಳು, "ನಾನು ಹಿಡಿಯುತ್ತೇನೆ."

ಆ ಕಾಲದ ಬಿದಿರು ಈಗಿನಂತೆ ಇರಲಿಲ್ಲ. ಒಳಗೆಲ್ಲ ಗಟ್ಟಿಯಾದ ತಿರುಳು, ಹೊರಗೆ ಮೈತುಂಬ ಹೂವು. ಬಿದಿರು ಗಾಳಿಯನ್ನು ಕರೆದಳು. "ತಮ್ಮಾ, ನನ್ನ ತಿರುಳನ್ನೆಲ್ಲ ತೆಗೆದುಬಿಡು. ಜಾಗವಾಗಬೇಕು."

"ನೋಯುತ್ತದೆ ಅಕ್ಕಾ."

"ನೋಯಲಿ ಬಿಡು. ಅವಳ ಅಳು ಕೇಳಲಾಗುವುದಿಲ್ಲ."

ಗಾಳಿ ತಿರುಳು ತೆಗೆದ. ಆಮೇಲೆ ಕರುಗಳನ್ನು ಕೊಟ್ಟಿಗೆಗೆ ಅಟ್ಟುವಂತೆ ದಿನಗಳನ್ನು ಅಟ್ಟಿ ಒಳಗೆ ತುಂಬಿದ. ಒಂದು ಕೋಣೆ ತುಂಬಿದ ಕೂಡಲೇ ಬಿದಿರು ಗೆಣ್ಣು ಹಾಕಿ ಮುಚ್ಚಿದಳು. ಗೆಣ್ಣು ಎಂದರೆ ಮೈಮೇಲೆ ಉಂಗುರದಂತೆ ಕಾಣುವ ಗಂಟು; ಕಬ್ಬಿಗೂ ಇರುತ್ತದೆ. ಇಕ್ಕಟ್ಟಿನಲ್ಲಿ ಒತ್ತಿಕೊಂಡು ಕೂತ ದಿನಗಳೆಲ್ಲ ಒಂದೇ ಅಳತೆಗೆ ಬಂದವು. ಒಂದು ಕೋಣೆ ಖಾಲಿಯಾದ ಮೇಲೆಯೇ ಮುಂದಿನ ಕೋಣೆ ತೆರೆಯುವುದು. ಲೋಕದ ಮೊದಲ ಪಂಚಾಂಗ ಅದು.

ಮಳೆಯ ಕೋಣೆಗೆ ಕಪ್ಪೆಗೆಣ್ಣು ಎಂದು ಹೆಸರಿಟ್ಟರು. ಬಿಸಿಲಿನದು ಮಾವುಗೆಣ್ಣು, ಚಳಿಯದು ಜೇನುಗೆಣ್ಣು. ಇನ್ನೂ ಇದ್ದವು, ಎಲ್ಲ ಹೇಳಿದರೆ ಕಥೆ ನಿಂತುಹೋಗುತ್ತದೆ.

ಈಗ ದಿನಗಳನ್ನು ಹಂಚಬೇಕು. ಅಲ್ಲಿ ಒಂದು ಪದ್ಧತಿ ಇತ್ತು. ಬೇಟೆಯಾಗಲಿ, ಗೆಣಸಾಗಲಿ, ಪಾಲು ಹಾಕುವವರು ಎಲೆಗಳ ಮೇಲೆ ಗುಡ್ಡೆ ಮಾಡಿ ಎಲ್ಲರಿಗೂ ಕೊಟ್ಟು, ತಮ್ಮ ಗುಡ್ಡೆಯನ್ನು ಕೊನೆಗೆ ಎತ್ತಿಕೊಳ್ಳಬೇಕು. ಮೋಸವಾಗಬಾರದೆಂದು ಹಾಗೆ.

ಬಿದಿರು ಪಾಲು ಹಾಕಿದಳು. ಕಪ್ಪೆಗೆ ಹಾಡುವ ದಿನ, ಮಾವಿಗೆ ಹಣ್ಣಾಗುವ ದಿನ, ಇರುವೆಗೆ ರೆಕ್ಕೆ ಬರುವ ದಿನ. ದುಗ್ಗವ್ವನ ಮಗುವಿಗೆ ಹೊರಳುವ ದಿನ, ಅಂಬೆಗಾಲಿಡುವ ದಿನ, ತೊದಲುವ ದಿನ. ಎಲ್ಲರೂ ತಮ್ಮ ತಮ್ಮ ಗುಡ್ಡೆ ಎತ್ತಿಕೊಂಡರು. ಕೊನೆಗೆ ಬಿದಿರು ತಿರುಗಿ ನೋಡಿದರೆ ನೆಲ ಬರಿದಾಗಿತ್ತು. ಎಲೆ ಹಾಸುವಾಗ ಎಲ್ಲರನ್ನೂ ನೆನೆದವಳು ತನಗೊಂದು ಎಲೆ ಹಾಸಲು ಮರೆತಿದ್ದಳು.

"ನನಗೆ ಹೂ ಬಿಡಲು ಒಂದು ದಿನ ಬೇಕಲ್ಲ," ಎಂದಳು. "ಯಾರಾದರೂ ಒಂದೇ ಒಂದು ಕೊಡಿ."

"ನನ್ನ ಹೂವೇ ಮಂಜಿಗೆ ಉದುರುತ್ತದೆ, ನಾನೆಲ್ಲಿಂದ ತರಲಿ?" ಎಂದಿತು ಮಾವು.

"ನಮ್ಮದು ದೊಡ್ಡ ಸಂಸಾರ ಅಕ್ಕಾ," ಎಂದಿತು ಕಪ್ಪೆ.

"ಹಂಚಿದವಳು ನೀನು. ಈಗ ವಾಪಸು ಕೇಳಿದರೆ ಹೇಗೆ?" ಎಂದಿತು ಏಡಿ. ಈ ಸಲ ಏಡಿ ನಗಲಿಲ್ಲ, ಆದರೆ ಅದರ ಮಾತು ತಪ್ಪೆಂದು ಯಾರೂ ಹೇಳಲೂ ಇಲ್ಲ.

ಬಿದಿರು ದುಗ್ಗವ್ವನ ಕಡೆ ನೋಡಿದಳು. ದುಗ್ಗವ್ವ ಸೆರಗನ್ನು ಹೊಟ್ಟೆಯ ಮೇಲೆ ಎಳೆದುಕೊಂಡಳು.

"ನನ್ನದಾಗಿದ್ದರೆ ಕೊಡುತ್ತಿದ್ದೆ ಬಿದಿರಕ್ಕ. ಇವು ಮಗುವಿನ ದಿನಗಳು. ಯಾವುದನ್ನು ಕೊಡಲಿ ಹೇಳು? ಹೊರಳುವುದನ್ನೇ, ತೊದಲುವುದನ್ನೇ?"



ಮಗು ಹುಟ್ಟಿತು. ದುಗ್ಗವ್ವ ಬಂದು ಮೆಳೆಯಿಂದ ಒಂದು ಬಿದಿರು ಕಡಿದು ತೊಟ್ಟಿಲು ಮಾಡಿಕೊಂಡಳು. ಟೊಳ್ಳಾಗಿದ್ದರಿಂದ ಕಡಿಯಲು ಸುಲಭವಾಯಿತು ಎಂದಳು. ಕೆಟ್ಟವಳಲ್ಲ ಅವಳು. ಮಗು ಹೊರಳಿದ್ದನ್ನು ನೋಡಿದಳು, ಅಂಬೆಗಾಲಿಟ್ಟಿದ್ದನ್ನು ನೋಡಿದಳು. ಆಮೇಲೆ ಮೆಳೆಯ ಕಡೆ ಬರಲು ಅವಳಿಗೆ ಬಿಡುವಾಗಲಿಲ್ಲ.

ಒಬ್ಬೊಬ್ಬರು ಒಂದೊಂದು ದಿನ ಬಳಸಿದಾಗ ಸ್ವಲ್ಪ ಚೂರು ಉಳಿಯುತ್ತದೆ. ರೊಟ್ಟಿ ಮುರಿದಾಗ ಪುಡಿ ಉದುರುವಂತೆ. ಆ ಚೂರುಗಳನ್ನು ಬಿದಿರು ಹೆಕ್ಕಿ ಕೂಡಿಸಿಟ್ಟಳು. ದುಗ್ಗವ್ವ ಮುದುಕಿಯಾಗಿ ಸತ್ತಳು, ಆ ಮಗುವಿಗೂ ತಲೆ ನರೆಯಿತು. ಆಗ ಬಿದಿರಿನ ಚೂರುಗಳು ಸೇರಿ ಒಂದು ದಿನವಾಯಿತು.

ಅವತ್ತು ಇಡೀ ಮೆಳೆ ಹೂ ಬಿಟ್ಟಿತು. ನೋಡಲು ಬಂದದ್ದು ಕಾಳು ತಿನ್ನುವ ಇಲಿಗಳು ಮಾತ್ರ. ಆ ದಿನ ಮುಗಿದ ಮೇಲೆ ಅವಳಿಗೆ ಬೇರೆ ದಿನ ಇರಲಿಲ್ಲ. ಒಣಗಿ ಸತ್ತಳು.

ಅದಕ್ಕೇ ಇವತ್ತಿಗೂ ಬಿದಿರನ್ನು ಸೀಳಿದರೆ ಒಳಗೆ ಬರೀ ಖಾಲಿ ಕೋಣೆಗಳು, ಅದಕ್ಕೇ ಅದು ಬಾಳಿನಲ್ಲಿ ಒಂದೇ ಸಲ ಹೂ ಬಿಟ್ಟು ಒಣಗುತ್ತದೆ. ನಮ್ಮ ಹಿತ್ತಲಿನ ಮೆಳೆಯಲ್ಲೂ ಈಗ ಹೂವಿದೆ. ಬಿದಿರು ಹೂ ಬಿಟ್ಟರೆ ಮನೆಗೆ ಕೇಡು ಎಂದು ಜನ ಹೆದರುತ್ತಾರೆ. ಕೇಡಲ್ಲ ಮಕ್ಕಳೇ, ಯಾಕೆಂದರೆ ಅದು

"ರೀ, ಮೆಳೆ ಕಡಿಯುವವರು ಬಂದರು! ಎಲ್ಲಿಂದ ಶುರು ಮಾಡಬೇಕು ಅಂತ ಬಂದು ತೋರಿಸಿ!" ನನ್ನ ಹೆಂಡತಿ ಕರೆಯುತ್ತಿದ್ದಾಳೆ. ಒಂದು ನಿಮಿಷ ಎಂದೆ, ಕೊಡಲಿಯ ಸದ್ದು ಆಗಲೇ ಕೇಳುತ್ತಿದೆ. ನಾನು ಹೇಳುತ್ತಿದ್ದದ್ದು, ಕೇಡಲ್ಲ, ಅದು ಅವಳು ಕೂಡಿಸಿಟ್ಟುಕೊಂಡ